ಓದುಗರ ಪ್ರಶ್ನೆ: ನಮ್ಮ ಶಾಲೆಯ ಫೋಟೋ ವಿಕಿಪೀಡಿಯಕ್ಕೆ ಕೊಡುವುದು ಹೇಗೆ?

ಹಿಂದಿನ ಸಂಚಿಕೆಯಲ್ಲಿ ಮಳೆಗಾಲದಲ್ಲಿ ಹಳೆ ಪುಸ್ತಕ ಕಾಪಾಡುವ ಬಗ್ಗೆ ಬರೆದಿದ್ದೆ. ಕೊನೆಗೆ ಒಂದು ಸಾಲು ಸೇರಿಸಿದ್ದೆ. ನಿಮ್ಮ ಶಾಲೆ, ಸೊಸೈಟಿ, ಸಂಘದ ಗೋಡೆ ಮೇಲಿರುವ ಹಳೆ ಫೋಟೋಗಳಿಗೆ ಬೂಷ್ಟು ಹಿಡಿಯುವ ಮೊದಲು ಸ್ಕ್ಯಾನ್ ಮಾಡಿ, ವಿಕಿಪೀಡಿಯಕ್ಕೆ ಕೊಡಿ ಅಂತ. ಪುಸ್ತಕದ ಬಗ್ಗೆ ಬಂದ ಪತ್ರಗಳಿಗಿಂತ ಆ ಒಂದು ಸಾಲಿಗೆ ಬಂದ ಪತ್ರಗಳೇ ಜಾಸ್ತಿ. ಕಾರವಾರದಿಂದ ಭಟ್ಕಳದವರೆಗೆ, ಘಟ್ಟದ ಮೇಲೆ ಶಿರಸಿ, ಸಿದ್ದಾಪುರ, ಯಲ್ಲಾಪುರದಿಂದಲೂ ಬರೆದಿದ್ದೀರಿ. ಹಾಗಾಗಿ ಈ ಸಲ ಪೂರ್ತಿ ಅಂಕಣ ಇದಕ್ಕೇ.

ಹೊಸ ಓದುಗರಿಗೆ ನನ್ನ ಪರಿಚಯ ಇಷ್ಟು. ಶಿರಸಿಯಲ್ಲಿ 31 ವರ್ಷ ಗ್ರಂಥಪಾಲಕಿಯಾಗಿದ್ದೆ. ನಿವೃತ್ತಿಯ ನಂತರ ಕನ್ನಡ ವಿಕಿಪೀಡಿಯದಲ್ಲಿ ಬರೆಯುತ್ತೇನೆ, ಅದರ ಚಿತ್ರಭಂಡಾರವಾದ ವಿಕಿಮೀಡಿಯ ಕಾಮನ್ಸ್‌ಗೆ ಹಳೆ ಫೋಟೋಗಳನ್ನು ಸೇರಿಸುತ್ತೇನೆ. ದಿನಕ್ಕೆ ಎರಡು ತಾಸು, ಮಧ್ಯಾಹ್ನದ ಊಟ ಆದ ಮೇಲೆ.

ಪ್ರಶ್ನೆ: ನಮ್ಮ ಹೈಸ್ಕೂಲಿಗೆ 75 ವರ್ಷ ತುಂಬುತ್ತಿದೆ. ಮುಖ್ಯಾಧ್ಯಾಪಕರು ಹೇಳಿದ್ದಕ್ಕೆ ಶಾಲೆಯ ಹೆಸರಿನಲ್ಲೇ ಖಾತೆ ತೆರೆದೆ. ಸ್ಮರಣ ಸಂಚಿಕೆಯಲ್ಲಿದ್ದ ಇತಿಹಾಸವನ್ನು ಪೂರ್ತಿ ಟೈಪ್ ಮಾಡಿ ಕನ್ನಡ ವಿಕಿಪೀಡಿಯಕ್ಕೆ ಹಾಕಿದೆ. ಎರಡೇ ದಿನದಲ್ಲಿ ಅಳಿಸಿಬಿಟ್ಟರು. ಊರಿನವರಿಗೆಲ್ಲ ಬೇಸರವಾಗಿದೆ. ನಾವು ಮಾಡಿದ ತಪ್ಪೇನು? (ಒಬ್ಬ ಶಿಕ್ಷಕರು, ಅಂಕೋಲಾ ತಾಲೂಕು)

ಉತ್ತರ: ನಿಮ್ಮ ಬೇಸರ ನನಗೆ ಅರ್ಥವಾಗುತ್ತದೆ. ನನಗೂ ಹೀಗೇ ಆಗಿತ್ತು. ಮೊದಲ ವರ್ಷ ನಾನೂ ನನಗೆ ಹತ್ತಿರದ ಒಂದು ಸಂಸ್ಥೆಯ ಬಗ್ಗೆ ಬರೆದೆ. ವಾರ್ಷಿಕ ವರದಿಯಲ್ಲಿದ್ದ ಮಾತುಗಳೇ. 'ಸಾವಿರಾರು ಮಕ್ಕಳ ಬಾಳಿಗೆ ಬೆಳಕಾದ ಹೆಮ್ಮೆಯ ಸಂಸ್ಥೆ' ಅಂತ ಶುರುವಾಗಿತ್ತು. ಸಂಜೆಯೊಳಗೆ ಲೇಖನದ ಮೇಲೆ ಅಳಿಸಬೇಕು ಅನ್ನುವ ಸೂಚನೆ ಬಿತ್ತು. ಚರ್ಚೆ ಪುಟದಲ್ಲಿ ನಾನು ಜಗಳಕ್ಕೇ ಹೋದೆ. ಆ ಕಡೆಯವರು ಒಂದೇ ಒಂದು ಪ್ರಶ್ನೆ ಕೇಳಿದರು. ಈ ಮಾತನ್ನು ನಿಮ್ಮ ಸಂಸ್ಥೆಯವರಲ್ಲದೆ ಬೇರೆ ಯಾರಾದರೂ ಬರೆದಿದ್ದಾರಾ? ಇಡೀ ರಾತ್ರಿ ನಮ್ಮ ಕಪಾಟಿನ ಪುಸ್ತಕಗಳನ್ನೆಲ್ಲ ಮನಸ್ಸಿನಲ್ಲೇ ತಿರುವಿದೆ. ಯಾರೂ ಬರೆದಿರಲಿಲ್ಲ.

ನಿಮ್ಮ ಲೇಖನದ ಗಂಟೂ ಅಲ್ಲೇ ಇದೆ. ವಿಶ್ವಕೋಶಕ್ಕೆ ಬೇಕಾಗಿದ್ದು ಸಂಸ್ಥೆ ತನ್ನ ಬಗ್ಗೆ ಹೇಳಿಕೊಂಡಿದ್ದಲ್ಲ, ಸಂಸ್ಥೆಗೆ ಸಂಬಂಧವಿಲ್ಲದವರು ಅದರ ಬಗ್ಗೆ ಬರೆದದ್ದು. ಪತ್ರಿಕೆಯ ವಿಸ್ತಾರವಾದ ವರದಿ, ಜಿಲ್ಲೆಯ ಗ್ಯಾಝೆಟಿಯರ್ (ಸರ್ಕಾರ ಹೊರತಂದ ಜಿಲ್ಲೆಯ ವಿವರ ಗ್ರಂಥ), ಸಂಶೋಧನಾ ಪ್ರಬಂಧ, ಬೇರೆಯವರ ಆತ್ಮಕಥೆ ಇವೆಲ್ಲ ಆಗುತ್ತವೆ. ಸ್ಮರಣ ಸಂಚಿಕೆಯಿಂದ ಸ್ಥಾಪನೆಯ ವರ್ಷದಂಥ ಸಣ್ಣ ವಿವರ ತೆಗೆದುಕೊಳ್ಳಬಹುದು. ಲೇಖನ ನಿಲ್ಲುವುದಕ್ಕೆ ಅದೊಂದೇ ಸಾಲದು. ಕಾರವಾರದವರು ಟಾಗೋರರ ಬಗ್ಗೆ ಹೆಮ್ಮೆಯಿಂದ ಹೇಳುತ್ತಾರಲ್ಲ, ಅದನ್ನೇ ನೋಡಿ. ಅವರ ಅಣ್ಣ ಸತ್ಯೇಂದ್ರನಾಥರು ಅಲ್ಲಿ ಜಿಲ್ಲಾ ನ್ಯಾಯಾಧೀಶರಾಗಿದ್ದಾಗ, 1883ರಲ್ಲಿ, ರವೀಂದ್ರನಾಥರು ಬಂದು ಉಳಿದಿದ್ದರು. ಇದು ಬರೀ ಬಾಯಿಮಾತಾಗಿದ್ದರೆ ವಿಶ್ವಕೋಶದಲ್ಲಿ ನಿಲ್ಲುತ್ತಿರಲಿಲ್ಲ. ಟಾಗೋರರೇ ತಮ್ಮ ನೆನಪುಗಳಲ್ಲಿ ಕಾರವಾರದ ಕಡಲನ್ನು, ಕಾಳಿ ನದಿಯನ್ನು ಬರೆದಿಟ್ಟಿದ್ದಾರೆ. ಅದಕ್ಕೇ ಅದು ಗಟ್ಟಿ.

ಇನ್ನು ಟೈಪ್ ಮಾಡಿ ಹಾಕಿದ್ದು. ಸ್ಮರಣ ಸಂಚಿಕೆ ನಿಮ್ಮದೇ ಇರಬಹುದು. ಆದರೆ ಆ ಲೇಖನದ ಹಕ್ಕು ಬರೆದವರದ್ದೋ ಶಾಲೆಯದ್ದೋ ಅಂತ ವಿಕಿಪೀಡಿಯದವರಿಗೆ ಹೇಗೆ ಗೊತ್ತಾಗಬೇಕು? ಅಚ್ಚಾದ ಪುಟ ಹಾಗೇ ಎತ್ತಿ ಹಾಕಿದರೆ ಅವರು ಅಳಿಸಲೇಬೇಕು. ಓದಿ, ಪುಸ್ತಕ ಮುಚ್ಚಿಟ್ಟು, ನಿಮ್ಮ ಮಾತಿನಲ್ಲಿ ಬರೆಯಿರಿ.

ಖಾತೆಯನ್ನಂತೂ ಶಾಲೆಯ ಹೆಸರಿನಲ್ಲಿ ತೆರೆಯಬೇಡಿ. ಖಾತೆ ಒಬ್ಬ ಮನುಷ್ಯನದ್ದಾಗಿರಬೇಕು. ನಾಲ್ಕು ಜನ ಶಿಕ್ಷಕರು ಒಂದೇ ಪಾಸ್‌ವರ್ಡ್ ಹಂಚಿಕೊಳ್ಳುವ ಹಾಗಿಲ್ಲ. ನಿಮ್ಮ ಸದಸ್ಯ ಪುಟದಲ್ಲಿ 'ನಾನು ಇಂಥ ಶಾಲೆಯಲ್ಲಿ ಕೆಲಸ ಮಾಡುತ್ತೇನೆ' ಅಂತ ಒಂದು ಸಾಲು ಬರೆದುಕೊಳ್ಳಿ. ಮುಚ್ಚಿಟ್ಟರೆ ಅನುಮಾನ, ಹೇಳಿದರೆ ಗೌರವ. ಕೆಲಸದ ಭಾಗವಾಗಿ, ಸಂಬಳ ಪಡೆದು ಬರೆಯುತ್ತಿದ್ದರೆ ಅದನ್ನು ಹೇಳಲೇಬೇಕು ಅಂತ ವಿಕಿಪೀಡಿಯದ ನಿಯಮವೂ ಇದೆ. ಸಂಶಯ ಬಂದರೆ 'ಅರಳಿ ಕಟ್ಟೆ' ಅನ್ನುವ ಪುಟದಲ್ಲಿ ಕೇಳಿ. ಹೆಸರಿಗೆ ತಕ್ಕ ಹಾಗೆ ಅದು ಎಲ್ಲರೂ ಬಂದು ಕೂತು ಮಾತಾಡುವ ಜಾಗ.

ಈಗ ನನ್ನ ಸ್ವಂತ ಸಲಹೆ. ಶಾಲೆಗೊಂದು ಬೇರೆ ಲೇಖನ ಬೇಕೇಬೇಕು ಅನ್ನುವ ಹಟ ಸದ್ಯಕ್ಕೆ ಬಿಡಿ. ಮೊದಲು ನಿಮ್ಮ ಊರಿನ ಲೇಖನ ತೆರೆದು ನೋಡಿ. ನಮ್ಮ ಜಿಲ್ಲೆಯ ಎಷ್ಟೋ ಹಳ್ಳಿಗಳ ಪುಟದಲ್ಲಿ ಎರಡೋ ಮೂರೋ ಸಾಲು ಇರುತ್ತವೆ, ಚಿತ್ರ ಇರುವುದಿಲ್ಲ. ಅಲ್ಲಿ ಊರಿನ ಬಗ್ಗೆ ನಾಲ್ಕು ಪ್ಯಾರಾ ಬರೆಯಿರಿ. ಅದರೊಳಗೆ ಶಾಲೆ ಯಾವಾಗ ಶುರುವಾಯಿತು ಅಂತ ಒಂದು ಸಾಲು, ಪಕ್ಕದಲ್ಲಿ ಶಾಲೆಯ ಹಳೆ ಕಟ್ಟಡದ ಫೋಟೋ. ಅಂಕೋಲಾ ಅಂದರೆ 1930ರ ಉಪ್ಪಿನ ಸತ್ಯಾಗ್ರಹದ ನೆಲ. ಅದರ ಬಗ್ಗೆ ಬರೆಯಲಿಕ್ಕೇ ಎಷ್ಟಿದೆ! 1883ರಲ್ಲಿ ಅಚ್ಚಾದ ಬಾಂಬೆ ಪ್ರೆಸಿಡೆನ್ಸಿ ಗ್ಯಾಝೆಟಿಯರ್‌ನಲ್ಲಿ ಕೆನರಾ ಜಿಲ್ಲೆಗೆಂದೇ ಒಂದು ಸಂಪುಟ ಇದೆ, ಎರಡು ಭಾಗಗಳಲ್ಲಿ. ಆಗ ನಾವು ಮುಂಬಯಿ ಪ್ರಾಂತ್ಯದಲ್ಲಿದ್ದೆವು. ಅದರ ಹಕ್ಕಿನ ಅವಧಿ ಯಾವಾಗಲೋ ಮುಗಿದಿದೆ, ಅಂತರ್ಜಾಲದಲ್ಲಿ ಪೂರ್ತಿ ಓದಲು ಸಿಗುತ್ತದೆ. ನಿಮ್ಮ ಊರಿನ ಹೆಸರು ಅದರಲ್ಲಿದೆಯಾ ಅಂತ ಮೊದಲು ಹುಡುಕಿ.

ಪ್ರಶ್ನೆ: ನಮ್ಮ ಸಂಸ್ಥೆಯಲ್ಲಿ 1940ರ ದಶಕದಿಂದ 1980ರವರೆಗಿನ ಗ್ರೂಪ್ ಫೋಟೋಗಳಿವೆ. ಕೆಳಗೆ ಸ್ಟುಡಿಯೋದ ಹೆಸರಿನ ಉಬ್ಬು ಮುದ್ರೆ ಇದೆ. ಆ ಸ್ಟುಡಿಯೋ ಈಗಿಲ್ಲ. ಫೋಟೋ ನಮ್ಮ ಗೋಡೆ ಮೇಲಿದೆ, ಹಾಗಾಗಿ ನಮ್ಮದೇ ಅಲ್ವಾ? (ಕಾರವಾರ)

ಉತ್ತರ: ಗೋಡೆ ಮೇಲಿನ ಪ್ರತಿ ನಿಮ್ಮದು, ಅದರಲ್ಲಿ ಸಂಶಯವಿಲ್ಲ. ಆದರೆ ಪ್ರತಿ ಬೇರೆ, ಹಕ್ಕು ಬೇರೆ. ಪುಸ್ತಕ ಕೊಂಡವರಿಗೆ ಅದನ್ನು ಅಚ್ಚು ಹಾಕಿಸುವ ಹಕ್ಕು ಬರುವುದಿಲ್ಲವಲ್ಲ, ಇದೂ ಹಾಗೇ.

1958ಕ್ಕಿಂತ ಮೊದಲು ಭಾರತದಲ್ಲಿ ತೆಗೆದ ಫೋಟೋಗಳಿಗೆ ಹಳೆ ಕಾನೂನು ಅನ್ವಯಿಸುತ್ತದೆ. ತೆಗೆದ 50 ವರ್ಷಕ್ಕೆ ಹಕ್ಕು ಮುಗಿಯುತ್ತದೆ. ಅಂದರೆ ಅವೆಲ್ಲ ಇಲ್ಲಿ ಈಗ ಸಾರ್ವಜನಿಕರ ಸೊತ್ತು. ಕಾಮನ್ಸ್‌ನಲ್ಲಿ ಅದಕ್ಕೆಂದೇ ಒಂದು ಟೆಂಪ್ಲೇಟ್ (ಸಿದ್ಧ ಒಕ್ಕಣೆ) ಇದೆ, ಅಪ್‌ಲೋಡ್ ಮಾಡುವಾಗ ಅದನ್ನು ಸೇರಿಸಬೇಕು. ವಿಕಿಪೀಡಿಯದ ಸರ್ವರ್‌ಗಳು ಅಮೆರಿಕದಲ್ಲಿರುವುದರಿಂದ ಅಲ್ಲಿನ ಕಾನೂನನ್ನೂ ನೋಡುತ್ತಾರೆ. 1946ಕ್ಕೂ ಮೊದಲಿನದಾದರೆ ಆ ಕಡೆಯಿಂದಲೂ ತಕರಾರಿಲ್ಲ. ಹಾಗಾಗಿ ನಿಮ್ಮಲ್ಲಿ ಅಷ್ಟು ಹಳೆಯದು ಇದ್ದರೆ ಅದರಿಂದಲೇ ಶುರು ಮಾಡಿ.

ಇನ್ನು 1958ರ ನಂತರದ ಫೋಟೋಗಳ ವಿಷಯ. 1957ರ ಹಕ್ಕುಸ್ವಾಮ್ಯ ಕಾಯ್ದೆಯ 17ನೇ ಕಲಮಿನಲ್ಲಿ ನಿಮಗೆ ಅನುಕೂಲವಾದ ಒಂದು ಮಾತಿದೆ. ಯಾರಾದರೂ ಹಣ ಕೊಟ್ಟು, ತಾವೇ ಹೇಳಿ ಫೋಟೋ ತೆಗೆಸಿದರೆ, ಬೇರೆ ಒಪ್ಪಂದ ಇಲ್ಲದಿದ್ದಲ್ಲಿ, ಮೊದಲ ಹಕ್ಕುದಾರ ತೆಗೆಸಿದವನೇ. ನಿಮ್ಮ ಸಂಸ್ಥೆ ಸ್ಟುಡಿಯೋದವರನ್ನು ಕರೆಸಿ, ಹಣ ಕೊಟ್ಟು ತೆಗೆಸಿದ ಗ್ರೂಪ್ ಫೋಟೋ ಆದರೆ ಹಕ್ಕು ಸಂಸ್ಥೆಯದ್ದೇ. ಹಳೆ ಖರ್ಚಿನ ಪುಸ್ತಕ ಇದ್ದರೆ ತೆಗೆದು ನೋಡಿ. ನಾನು ನೋಡಿದ ಒಂದು ಖರ್ಚಿನ ಪುಸ್ತಕದಲ್ಲಿ ವಾರ್ಷಿಕೋತ್ಸವದ ದಿನ 'ಫೋಟೋ ಬಾಬ್ತು' ಅಂತ ಒಂದು ನಮೂದು, ಪಕ್ಕದಲ್ಲಿ ಸ್ಟುಡಿಯೋದವರ ಸಹಿ. ಅದಕ್ಕಿಂತ ಒಳ್ಳೆಯ ಪುರಾವೆ ಇನ್ನೇನು ಬೇಕು? ಆ ಪುಟವನ್ನೂ ಸ್ಕ್ಯಾನ್ ಮಾಡಿ ಇಟ್ಟುಕೊಳ್ಳಿ.

ಆದರೆ ಊರಿನ ಯಾರೋ ಅಭಿಮಾನಿ ತನ್ನ ಕ್ಯಾಮೆರಾದಲ್ಲಿ ತೆಗೆದು ಪ್ರೀತಿಯಿಂದ ಒಂದು ಪ್ರತಿ ಕೊಟ್ಟಿದ್ದರೆ ಅದರ ಹಕ್ಕು ಅವರದ್ದು, ಅವರ ನಂತರ ಮಕ್ಕಳದ್ದು. 2012ರ ತಿದ್ದುಪಡಿಯ ನಂತರ ಫೋಟೋಗಳಿಗೂ ಛಾಯಾಗ್ರಾಹಕರ ಜೀವಿತಾವಧಿ ಮತ್ತು ಆಮೇಲೆ 60 ವರ್ಷ ಹಕ್ಕು ಇರುತ್ತದೆ. ಆ ಮನೆಗೆ ಹೋಗಿ, ಚಹಾ ಕುಡಿದು, ಕೇಳಿ. ನಾನು ಕೇಳಿದ ಮನೆಗಳಲ್ಲಿ ಇಲ್ಲ ಅಂದವರು ಕಡಿಮೆ. ಕೆಲವರು ಅಟ್ಟದ ಮೇಲಿಂದ ಇನ್ನೊಂದು ಪೆಟ್ಟಿಗೆಯನ್ನೇ ಇಳಿಸಿ ಕೊಟ್ಟರು.

ಪ್ರಶ್ನೆ: ನಾನು ಒಂದು ಸಹಕಾರಿ ಸಂಘದ ಕಾರ್ಯದರ್ಶಿ. ಫೋಟೋ ಕೊಡಲು ಆಡಳಿತ ಮಂಡಳಿ ಒಪ್ಪಿದೆ. ಆದರೆ ಯಾರು ಬೇಕಾದರೂ ಬಳಸಬಹುದು, ಮಾರಲೂಬಹುದು ಅಂತ ಕೇಳಿ ಕೆಲವು ನಿರ್ದೇಶಕರು ಹಿಂಜರಿಯುತ್ತಿದ್ದಾರೆ. 'ವಿಕಿಪೀಡಿಯಕ್ಕೆ ಮಾತ್ರ ಅನುಮತಿ' ಅಂತ ಬರೆದು ಕೊಟ್ಟರೆ ಸಾಕಲ್ಲವೇ? (ಶಿರಸಿ)

ಉತ್ತರ: ಸಾಲದು. ವಿಕಿಪೀಡಿಯಕ್ಕೆ ಮಾತ್ರ ಅಂದರೆ ಕಾಮನ್ಸ್ ತೆಗೆದುಕೊಳ್ಳುವುದಿಲ್ಲ. ವಾಣಿಜ್ಯಕ್ಕೆ ಬಳಸಬಾರದು ಅಂದರೂ ಇಲ್ಲ.

ಅಲ್ಲಿ ಹೆಚ್ಚಾಗಿ ಬಳಸುವುದು ಕ್ರಿಯೇಟಿವ್ ಕಾಮನ್ಸ್ ಆಟ್ರಿಬ್ಯೂಷನ್ ಶೇರ್‌ಅಲೈಕ್ 4.0 ಅನ್ನುವ ಪರವಾನಗಿ. ಯಾರೇ ಬಳಸಲಿ, ನಿಮ್ಮ ಹೆಸರು ಹಾಕಬೇಕು. ಫೋಟೋ ಬದಲಾಯಿಸಿ ಹೊಸದೇನಾದರೂ ಮಾಡಿದರೆ ಅದನ್ನೂ ಇದೇ ಷರತ್ತಿನಲ್ಲಿ ಎಲ್ಲರಿಗೂ ಬಿಡಬೇಕು. ಹಕ್ಕು ನಿಮ್ಮಲ್ಲೇ ಉಳಿಯುತ್ತದೆ, ಬಳಸುವ ಅನುಮತಿ ಮಾತ್ರ ಎಲ್ಲರಿಗೂ ಸಿಗುತ್ತದೆ. ಒಮ್ಮೆ ಕೊಟ್ಟ ಮೇಲೆ ವಾಪಸ್ ತೆಗೆದುಕೊಳ್ಳುವ ಹಾಗಿಲ್ಲ. ಇದನ್ನು ನಿರ್ದೇಶಕರಿಗೆ ಮೊದಲೇ ಸ್ಪಷ್ಟವಾಗಿ ಹೇಳಿ.

ಮಾರುತ್ತಾರೆ ಅನ್ನುವ ಭಯಕ್ಕೆ ನನ್ನ ಉತ್ತರ ಇದು. ದಿನಪತ್ರಿಕೆಯೂ ವಾಣಿಜ್ಯವೇ. ಪಠ್ಯಪುಸ್ತಕದ ಪ್ರಕಾಶಕರೂ ವಾಣಿಜ್ಯವೇ. ಅವರನ್ನೆಲ್ಲ ಹೊರಗಿಟ್ಟರೆ ನಿಮ್ಮ ಫೋಟೋ ನೋಡುವವರು ಯಾರು? ಈ ಭಾಗದ ಅಡಿಕೆಗೆ 'ಶಿರಸಿ ಸುಪಾರಿ' ಅಂತ 2019ರಲ್ಲಿ ಭೌಗೋಳಿಕ ಗುರುತಿನ ಮಾನ್ಯತೆ ಬಂತು. ಅಡಿಕೆಯ ಬಗ್ಗೆ ಯಾವ ಭಾಷೆಯಲ್ಲಿ ಯಾರು ಬರೆದರೂ ಚಿತ್ರ ಬೇಕಾಗುತ್ತದೆ. ಸೊಂಟಕ್ಕೆ ಹಗ್ಗ ಸಿಕ್ಕಿಸಿಕೊಂಡು ಮರ ಏರುವ ಕೊನೆಗೌಡ, ಮೆಟ್ಟುಗತ್ತಿ ಮುಂದೆ ಸಾಲಾಗಿ ಕೂತು ಸುಲಿಯುವ ಹೆಂಗಸರು, ಹಂಡೆಯಲ್ಲಿ ಬೇಯುವ ಅಡಿಕೆ, ಅಂಗಳದ ಅಟ್ಟದ ಮೇಲೆ ಒಣಗುವ ಕೆಂಪಡಿಕೆ. ಇವುಗಳ 40 ವರ್ಷ ಹಿಂದಿನ ಫೋಟೋ ನಿಮ್ಮ ಗೋದಾಮಿನ ಕಪಾಟಿನಲ್ಲಿರಬಹುದು. ಅಧ್ಯಕ್ಷರ ಸನ್ಮಾನದ ಫೋಟೋಗಿಂತ ಅದಕ್ಕೆ ಬೆಲೆ ಜಾಸ್ತಿ. ಸನ್ಮಾನದ್ದು ಎಲ್ಲ ಊರಲ್ಲೂ ಒಂದೇ ಥರ ಇರುತ್ತದೆ. ಸಾಲಾಗಿ ಕೂತು ಅಡಿಕೆ ಸುಲಿಯುವ ಮನೆಯಂಗಳ ನಮ್ಮ ಕಣ್ಣೆದುರೇ ಕಡಿಮೆಯಾಗುತ್ತಿದೆ.

ಅನುಮತಿ ಕೊಡುವ ವಿಧಾನ ಸುಲಭ. ಕಾಮನ್ಸ್‌ನಲ್ಲಿ ಒಪ್ಪಿಗೆ ಪತ್ರದ ನಮೂನೆ ಸಿಗುತ್ತದೆ. ಯಾವ ಫೋಟೋಗಳು, ಯಾವ ಪರವಾನಗಿ, ಪತ್ರ ಬರೆಯುವವರಿಗೆ ಆ ಅಧಿಕಾರ ಹೇಗೆ ಬಂತು, ಈ ಮೂರೂ ಅದರಲ್ಲಿರಬೇಕು. ಸಂಘದ ಅಧಿಕೃತ ಇಮೇಲ್‌ನಿಂದ ಕಳಿಸಿ. ನಿಮ್ಮ ಸ್ವಂತ ಇಮೇಲ್‌ನಿಂದ ಹೋದರೆ ಅವರು ನಂಬುವುದು ಕಷ್ಟ. ಆ ಪತ್ರಗಳನ್ನು ಓದುವವರು ಸ್ವಯಂಸೇವಕರು, ಹಾಗಾಗಿ ಸ್ವಲ್ಪ ಕಾಯಬೇಕಾದೀತು. ಒಪ್ಪಿದ ಮೇಲೆ ಫೋಟೋದ ಪುಟದಲ್ಲಿ ಒಂದು ಟಿಕೆಟ್ ನಂಬರ್ ಬೀಳುತ್ತದೆ. ಅದು ಬಿದ್ದರೆ ಅನುಮತಿ ಇಲ್ಲ ಅನ್ನುವ ಕಾರಣಕ್ಕೆ ಅಳಿಸುವ ಭಯವಿಲ್ಲ. ಸಂಘದ ಠರಾವಿನ ಪ್ರತಿಯನ್ನು ಕಡತದಲ್ಲಿ ಇಟ್ಟುಕೊಳ್ಳಿ, ಮುಂದೆ ಆಡಳಿತ ಮಂಡಳಿ ಬದಲಾದಾಗ ಬೇಕಾಗುತ್ತದೆ.

ಪ್ರಶ್ನೆ: ಸಂಸ್ಥೆಯ ಲಾಂಛನವನ್ನೂ ಹಾಕಬಹುದಾ? (ಹೊನ್ನಾವರ)

ಉತ್ತರ: ಕಾಮನ್ಸ್‌ಗೆ ಬೇಡ. ಅಲ್ಲಿಗೆ ಹಾಕಿದರೆ ಲಾಂಛನವನ್ನೂ ಯಾರು ಬೇಕಾದರೂ ಬದಲಿಸಿ ಬಳಸಬಹುದು ಅಂತ ನೀವು ಒಪ್ಪಿದ ಹಾಗೆ. ಯಾವ ಸಂಸ್ಥೆಗೂ ಅದು ಬೇಕಿರುವುದಿಲ್ಲ. ಕಟ್ಟಡದ ಒಳ್ಳೆಯ ಒಂದು ಫೋಟೋ ಕೊಡಿ, ಸಾಕು.

ಪ್ರಶ್ನೆ: ನಾನು ಡಿಗ್ರಿ ವಿದ್ಯಾರ್ಥಿನಿ. ಮೊಬೈಲ್‌ನಲ್ಲಿ ಮಿರ್ಜಾನ್ ಕೋಟೆ, ಗೋಕರ್ಣ, ಯಾಣದ ಫೋಟೋ ತೆಗೆದಿದ್ದೇನೆ. ಇವಾಗಲೇ ಬೇರೆಯವರು ಎಷ್ಟೋ ಹಾಕಿದ್ದಾರೆ. ನನ್ನದು ಬೇಕಾ? ದೇವಸ್ಥಾನ, ಪ್ರತಿಮೆಗಳ ಫೋಟೋಗೆ ಅನುಮತಿ ಬೇಕಾ? (ಕುಮಟಾ)

ಉತ್ತರ: ಕಟ್ಟಡಗಳ ಫೋಟೋ ತೆಗೆದು ಪ್ರಕಟಿಸಲು ನಮ್ಮ ಕಾಯ್ದೆಯ 52ನೇ ಕಲಮು ಅವಕಾಶ ಕೊಡುತ್ತದೆ. ಸಾರ್ವಜನಿಕ ಜಾಗದಲ್ಲಿ ಕಾಯಂ ಆಗಿ ನಿಲ್ಲಿಸಿದ ಪ್ರತಿಮೆಗೂ ಅಷ್ಟೇ. ಗೋಡೆ ಮೇಲಿನ ಹೊಸ ಚಿತ್ರ, ಫ್ಲೆಕ್ಸ್, ಮಾಹಿತಿ ಫಲಕದ ಬರಹ ಇವು ಅದರಲ್ಲಿ ಬರುವುದಿಲ್ಲ. ಗರ್ಭಗುಡಿಯ ಫೋಟೋ ತೆಗೆಯಬಾರದು ಅಂತ ದೇವಸ್ಥಾನ ಹೇಳಿದ್ದರೆ ತೆಗೆಯಬೇಡಿ. ಕಾರವಾರದ ಕಡೆ ಹೋದಾಗ ನೌಕಾನೆಲೆಯತ್ತ ಮೊಬೈಲ್ ಎತ್ತಬೇಡಿ. ಶಾಲೆ ಮಕ್ಕಳ ಮುಖ ಕಾಣುವ ಫೋಟೋ ಹಾಕುವ ಮೊದಲು ತಂದೆ ತಾಯಿಯ ಒಪ್ಪಿಗೆ ಕೇಳಿ, ಇದು ನನ್ನ ಖಡಕ್ ಮಾತು.

ನಿಮ್ಮದು ಬೇಕಾ ಅಂತ ಕೇಳಿದ್ದೀರಿ. ಖಂಡಿತ ಬೇಕು. 2024ರ ಆಗಸ್ಟ್ 7ರ ನಡುರಾತ್ರಿ ಕಾರವಾರ ಮತ್ತು ಸದಾಶಿವಗಡದ ನಡುವಿನ ಕಾಳಿ ನದಿಯ ಹಳೆ ಸೇತುವೆ ಕುಸಿದು ಬಿತ್ತು. ಹಿಂದಿನ ದಿನದವರೆಗೂ ಅದರ ಮೇಲೆ ಬಸ್ಸಿನಲ್ಲಿ ಓಡಾಡಿದವರೇ ನಾವು. ಆ ಸೇತುವೆಯನ್ನು ಯಾರು ಬೇಕೆಂದು ನಿಂತು ಫೋಟೋ ತೆಗೆದಿದ್ದೆವು ಹೇಳಿ? ಸುಮ್ನೆ ಸೂರ್ಯಾಸ್ತಕ್ಕೆ ಅಂತ ತೆಗೆದ ಚಿತ್ರದಲ್ಲಿ ಅದರ ಕಂಬಗಳು ಬಂದಿದ್ದರೆ ಇವತ್ತು ಅದೇ ದಾಖಲೆ. ಮಿರ್ಜಾನ್ ಕೋಟೆಯ ಬಾಗಿಲನ್ನು ನೂರು ಜನ ತೆಗೆದಿದ್ದಾರೆ, ನಿಜ. ಕುಮಟಾದ ಹಳೆ ಬಸ್ ನಿಲ್ದಾಣ, ಮೀನು ಪೇಟೆ, ನಿಮ್ಮ ಕಾಲೇಜಿನ ಹಿಂದಿನ ಗಜನಿ ಗದ್ದೆ ತೆಗೆದಿದ್ದಾರಾ? ಅವನ್ನು ತೆಗೆಯಿರಿ. ದಿನಾಂಕ, ಜಾಗ ಸರಿಯಾಗಿ ಬರೆಯಿರಿ.

ಇನ್ನೊಂದು ನೆನಪಾಯಿತು. ಹೊನ್ನಳ್ಳಿಯ ತುಳಸಿ ಗೌಡ ಅವರು 2024ರ ಡಿಸೆಂಬರ್‌ನಲ್ಲಿ, ಬಡಿಗೇರಿಯ ಸುಕ್ರಿ ಬೊಮ್ಮಗೌಡ ಅವರು 2025ರ ಫೆಬ್ರುವರಿಯಲ್ಲಿ ತೀರಿಕೊಂಡರು. ಇಬ್ಬರೂ ಅಂಕೋಲಾ ತಾಲೂಕಿನವರು, ಇಬ್ಬರಿಗೂ ಪದ್ಮಶ್ರೀ ಬಂದಿತ್ತು. ಇವರು ನಿಮ್ಮ ಕಾಲೇಜಿಗೋ ಊರಿಗೋ ಬಂದಾಗ ನೀವೇ ತೆಗೆದ ಫೋಟೋ ಇದ್ದರೆ ದಯವಿಟ್ಟು ಮೊಬೈಲ್‌ನಲ್ಲೇ ಇಟ್ಟುಕೊಳ್ಳಬೇಡಿ. ಸುಕ್ರಜ್ಜಿ ಹಾಡುತ್ತಿರುವಾಗ, ತುಳಸಜ್ಜಿ ಸಸಿಯ ಬುಡ ಮುಟ್ಟುತ್ತಿರುವಾಗ ತೆಗೆದದ್ದಾದರೆ ಇನ್ನೂ ಒಳ್ಳೆಯದು. ಆ ಕೈಗಳನ್ನು ಇನ್ನು ಯಾರೂ ಹೊಸದಾಗಿ ತೆಗೆಯಲಾರರು.

ಪ್ರಶ್ನೆ: ನಮ್ಮ ಯಕ್ಷಗಾನ ಮೇಳದ ಬಗ್ಗೆ ಬರೆಯಬೇಕು ಅಂತಿದ್ದೇವೆ. ಆದರೆ ಅಂತರ್ಜಾಲದಲ್ಲಿ ಏನೂ ಸಿಗುವುದಿಲ್ಲ. ಹಳೆ ಪತ್ರಿಕೆಯ ತುಣುಕುಗಳು ಮಾತ್ರ ಇವೆ. ಅವು ನಡೆಯುತ್ತವಾ? (ಹೊನ್ನಾವರ ತಾಲೂಕು)

ಉತ್ತರ: ನಡೆಯುತ್ತವೆ. ಉಲ್ಲೇಖ ಅಂತರ್ಜಾಲದಲ್ಲೇ ಇರಬೇಕು ಅಂತ ಎಲ್ಲೂ ಇಲ್ಲ. ಪತ್ರಿಕೆಯ ಹೆಸರು, ದಿನಾಂಕ, ಪುಟ ಸಂಖ್ಯೆ, ವರದಿಯ ಶೀರ್ಷಿಕೆ ಬರೆದರಾಯಿತು. ಬೇಕಾದವರು ಗ್ರಂಥಾಲಯಕ್ಕೆ ಹೋಗಿ ನೋಡಿಕೊಳ್ಳುತ್ತಾರೆ. ಕಷ್ಟ ಏನೆಂದರೆ, ತುಣುಕು ಕತ್ತರಿಸುವಾಗ ನಮ್ಮವರು ತಮ್ಮ ಫೋಟೋ ಮಾತ್ರ ಕತ್ತರಿಸುತ್ತಾರೆ, ದಿನಾಂಕ ಇರುವ ಮೇಲಿನ ಪಟ್ಟಿ ಕಸಕ್ಕೆ ಹೋಗುತ್ತದೆ. ಒಮ್ಮೆ ತುಣುಕಿನ ಹಿಂಬದಿ ತಿರುಗಿಸಿ ನೋಡಿ. ಅಲ್ಲಿ ಸಿನಿಮಾ ಜಾಹೀರಾತೋ ಚುನಾವಣೆಯ ಸುದ್ದಿಯೋ ಅರ್ಧ ಇರುತ್ತದೆ. ಅದರಿಂದ ವರ್ಷ, ತಿಂಗಳು ಹಿಡಿಯಬಹುದು. ನಾನು ಹಾಗೆ ಹಿಡಿದ ಮೇಲೆ ಗ್ರಂಥಾಲಯದ ಹಳೆ ಸಂಪುಟದಲ್ಲಿ ಆ ತಿಂಗಳ ಪತ್ರಿಕೆಗಳನ್ನು ಒಂದೊಂದೇ ತಿರುವುತ್ತೇನೆ.

ಕೆರೆಮನೆ ಶಿವರಾಮ ಹೆಗಡೆ ಅವರು 1934ರಲ್ಲಿ ಕಟ್ಟಿದ ಇಡಗುಂಜಿ ಮೇಳದಂಥ ದೊಡ್ಡ ಮಂಡಳಿಗಳ ಬಗ್ಗೆ ಬರೆದವರು ಬಹಳ ಜನ ಇದ್ದಾರೆ. ಸಣ್ಣ ಮೇಳಗಳಿಗೆ ಆ ಭಾಗ್ಯ ಇಲ್ಲ. ಬೇರೆ ಲೇಖನ ನಿಲ್ಲುವಷ್ಟು ಆಧಾರ ಸಿಗದಿದ್ದರೆ ಕರಪತ್ರ, ವೇಷದ ಫೋಟೋ, ಚೌಕಿಯ ಫೋಟೋ ಕೊಡಿ. ಬಣ್ಣ ಬರೆದುಕೊಳ್ಳುವಾಗಿನ ಹಂತ ಹಂತದ ಚಿತ್ರಗಳು ಯಕ್ಷಗಾನದ ಲೇಖನಕ್ಕೆ ಬಹಳ ಉಪಯೋಗ. ನಿಮ್ಮ ಮೇಳದ ಹೆಸರನ್ನು ಆ ಚಿತ್ರದ ವಿವರಣೆಯಲ್ಲಿ ಬರೆಯಿರಿ.

ನಿಮ್ಮಲ್ಲಿ ಹಳೆ ಪ್ರಸಂಗ ಪುಸ್ತಕವೋ ಸ್ಮರಣ ಸಂಚಿಕೆಯೋ ಇದ್ದರೆ ಅದು ಹೋಗಬೇಕಾದ ಜಾಗ ಕನ್ನಡ ವಿಕಿಸೋರ್ಸ್, ಅಂದರೆ ಹಳೆ ಪುಸ್ತಕಗಳನ್ನು ಪೂರ್ತಿಯಾಗಿ ಇಡುವ ವಿಕಿಪೀಡಿಯದ ಸೋದರ ತಾಣ. ಹಕ್ಕಿನ ಲೆಕ್ಕ ಮಾತ್ರ ಮೊದಲು ನೋಡಿ. ಬರೆದವರು ತೀರಿಕೊಂಡು 60 ವರ್ಷ ಆಗಿರಬೇಕು, ಇಲ್ಲವೇ ಹಕ್ಕುದಾರರು ಬರೆದು ಕೊಡಬೇಕು. ನಮ್ಮ ದಿನಕರ ದೇಸಾಯಿ ಅವರು ತೀರಿಕೊಂಡಿದ್ದು 1982ರಲ್ಲಿ. ಅವರ ಚೌಪದಿಗಳು ಈ ಲೆಕ್ಕದಲ್ಲಿ ಎಲ್ಲರಿಗೂ ಮುಕ್ತವಾಗುವುದು 2043ರ ಜನವರಿ 1ಕ್ಕೆ. ಅಲ್ಲಿಯವರೆಗೆ ಪ್ರೀತಿಯಿಂದ ಕೂಡ ಹಾಕುವ ಹಾಗಿಲ್ಲ.

ಪ್ರಶ್ನೆ: ಫೋಟೋಗಳನ್ನು ಸ್ಕ್ಯಾನ್ ಮಾಡುವಾಗ ಏನು ಗಮನಿಸಬೇಕು? ನಮ್ಮಲ್ಲಿ ಸ್ಕ್ಯಾನರ್ ಇಲ್ಲ. ಮೊಬೈಲ್‌ನಲ್ಲಿ ತೆಗೆದು ವಾಟ್ಸಾಪ್ ಮಾಡಿದರೆ ನೀವೇ ಹಾಕಿ ಕೊಡುತ್ತೀರಾ? (ಯಲ್ಲಾಪುರ)

ಉತ್ತರ: ವಾಟ್ಸಾಪ್‌ನಲ್ಲಿ ಫೋಟೋ ಅಂತ ಕಳಿಸಿದರೆ ಅದು ಕುಗ್ಗುತ್ತದೆ, ಹಿಂದಿನ ಸಾಲಿನವರ ಮುಖ ಕರಗಿ ಹೋಗುತ್ತದೆ. ಕಳಿಸಲೇಬೇಕಾದರೆ ಡಾಕ್ಯುಮೆಂಟ್ ಅಂತ ಕಳಿಸಿ. ಆದರೆ ಅಪ್‌ಲೋಡ್ ನೀವೇ ಮಾಡಿ. ಹಕ್ಕಿನ ಬಗ್ಗೆ ಉತ್ತರ ಕೊಡಬೇಕಾದವರು ನೀವು, ನಾನಲ್ಲ.

ಸ್ಕ್ಯಾನರ್ ಇರುವ ಕಡೆ ಹೋಗಿ ಮಾಡಿಸುವುದೇ ಒಳ್ಳೆಯದು. ಸಣ್ಣ ಫೋಟೋ ಆದರೆ 600 ಡಿಪಿಐ ಇಡಿ. ಅಂಚು ಕತ್ತರಿಸಬೇಡಿ, ರಟ್ಟಿನ ಸಮೇತ ಬರಲಿ. ಹಿಂಬದಿಯನ್ನೂ ಸ್ಕ್ಯಾನ್ ಮಾಡಿ, ಇದನ್ನು ಎಲ್ಲರೂ ಮರೆಯುತ್ತಾರೆ. ಮೇಲೆ ಸಂಸ್ಥೆಯ ಹೆಸರಿನ ವಾಟರ್‌ಮಾರ್ಕ್ ಒತ್ತಬೇಡಿ. ಕಲೆ ತೆಗೆದು, ಬಣ್ಣ ತುಂಬಿ ಚೆಂದ ಮಾಡಿದ ಪ್ರತಿ ಬೇಕಾದರೆ ಬೇರೆಯಾಗಿ ಹಾಕಿ, ಮೂಲ ಇದ್ದ ಹಾಗೇ ಇರಲಿ. ಫೈಲಿಗೆ ಊರು, ಸಂದರ್ಭ, ವರ್ಷ ಇರುವ ಹೆಸರು ಕೊಡಿ.

ಫ್ರೇಮಿನ ಗಾಜಿಗೆ ಫೋಟೋ ಅಂಟಿಕೊಂಡಿದ್ದರೆ ಕೀಳಲು ಹೋಗಲೇಬೇಡಿ. ನಮ್ಮ ಮಳೆಗಾಲದ ತೇವಕ್ಕೆ ಹಾಗೆ ಅಂಟುತ್ತದೆ. ಒಬ್ಬರು ನನ್ನೆದುರೇ ಕಿತ್ತರು. ಮೂವರು ಶಿಕ್ಷಕರ ಮುಖ ಗಾಜಿನಲ್ಲೇ ಉಳಿಯಿತು. ಅಂಥದ್ದನ್ನು ಗಾಜಿನ ಮೇಲಿಂದಲೇ, ಕಿಟಕಿಯ ಬೆಳಕು ಒಂದು ಬದಿಯಿಂದ ಬೀಳುವ ಹಾಗೆ ಇಟ್ಟು, ಒಳ್ಳೆಯ ಕ್ಯಾಮೆರಾದಲ್ಲಿ ತೆಗೆಯಿರಿ.

ಪ್ರಶ್ನೆ: ನಮ್ಮ ಶಾಲೆಯ ಹಳೆ ಫೋಟೋದಲ್ಲಿ ಯಾರು ಯಾರೆಂದು ಹೇಳುವವರೇ ಇಲ್ಲ. ಹೆಸರಿಲ್ಲದ ಫೋಟೋ ಹಾಕಿ ಪ್ರಯೋಜನ ಇದೆಯಾ? (ಸಿದ್ದಾಪುರ)

ಉತ್ತರ: ಇದೆ. ಹಾಕಿದ ಮೇಲೂ ಹೆಸರು ಸೇರಿಸಬಹುದು. ಕಾಮನ್ಸ್‌ನಲ್ಲಿ ವಿವರಣೆಯನ್ನು ಯಾವಾಗ ಬೇಕಾದರೂ ತಿದ್ದಬಹುದು. ಮೂವರ ಹೆಸರು ಗೊತ್ತಿದ್ದರೆ ಮೂವರದ್ದು ಬರೆಯಿರಿ. ಊಹೆ ಮಾತ್ರ ಬೇಡ.

ಶಿರಸಿಯ ಹತ್ತಿರದ ಒಂದು ಶಾಲೆಯಲ್ಲಿ ನಾನೀಗ ಇಂಥದ್ದೇ ಒಂದು ಫೋಟೋದ ಹಿಂದೆ ಬಿದ್ದಿದ್ದೇನೆ. 1954ರದ್ದು, ಬೂದು ರಟ್ಟಿಗೆ ಅಂಟಿಸಿದ್ದು. ಫ್ರೇಮಿನ ಹಿಂದೆ ಕಣಜ ಮಣ್ಣಿನ ಗೂಡು ಕಟ್ಟಿತ್ತು. ಮೆಲ್ಲಗೆ ಕೆರೆದು ತೆಗೆದಾಗ ರಟ್ಟಿನ ಮೇಲೆ ನೇರಳೆ ಬಣ್ಣದ ಕಾಪಿಯಿಂಗ್ ಪೆನ್ಸಿಲ್ ಅಕ್ಷರ. 'ಎಡದಿಂದ ಬಲಕ್ಕೆ' ಅಂತ ಶುರುವಾಗಿ, ಕೂತವರ ಹೆಸರು, ಅವರ ಪದವಿ, ಆಮೇಲೆ ನಿಂತವರ ಹೆಸರು. ಕೊನೆಯವನ ಜಾಗದಲ್ಲಿ 'ಶಿಪಾಯಿ' ಅಂತ ಒಂದೇ ಪದ. ಹೆಸರಿಲ್ಲ. ತಲೆಗೆ ಟೊಪ್ಪಿ, ಕೈಯಲ್ಲಿ ಗಂಟೆ ಬಾರಿಸುವ ಕೋಲು. ಫೋಟೋಗೆ ನಿಲ್ಲುವಾಗಲೂ ಅದನ್ನು ಕೆಳಗಿಟ್ಟಿಲ್ಲ.

ಆ ಶಾಲೆಯಲ್ಲಿ ಓದಿದ 80 ದಾಟಿದ ಮೂವರನ್ನು ಕಂಡು ಕೇಳಿದೆ. ಇಬ್ಬರು ಒಂದು ಹೆಸರು ಹೇಳಿದರು, ಒಬ್ಬರು ಇನ್ನೊಂದು. ಮೂವರಿಗೂ ಅವನು ಬಾವಿಯಿಂದ ಸೇದಿ ತಂದು ಹಂಡೆ ತುಂಬುತ್ತಿದ್ದ ನೀರು ನೆನಪಿದೆ, ಮಳೆಯಲ್ಲಿ ಹೊಳೆ ದಾಟಿಸಿ ಮನೆಗೆ ಬಿಡುತ್ತಿದ್ದುದು ನೆನಪಿದೆ. ಹೆಸರಿನಲ್ಲಿ ಮಾತ್ರ ಹೊಂದಿಕೆಯಿಲ್ಲ. ವಿವರಣೆಯಲ್ಲಿ ಎರಡೂ ಹೆಸರು ಬರೆದಿದ್ದೇನೆ. ಯಾವ ವರ್ಷ ಓದಿದ ವಿದ್ಯಾರ್ಥಿ ಯಾವ ಹೆಸರು ಹೇಳಿದರು ಅನ್ನುವುದನ್ನೂ ಬರೆದಿದ್ದೇನೆ.

ಶಾಲೆಯ ಹಳೆ ಪಗಾರ ಪುಸ್ತಕ ಸಿಕ್ಕರೆ ಇತ್ಯರ್ಥವಾಗುತ್ತದೆ. ಅದು ಆಫೀಸಿನ ಮೂಲೆಯ ಕಬ್ಬಿಣದ ಟ್ರಂಕಿನಲ್ಲಿದೆ ಅಂತ ಮುಖ್ಯಾಧ್ಯಾಪಕರು ಹೇಳಿದ್ದಾರೆ. ಕೀಲಿ ಕಳೆದ ವಾರ ಸಿಕ್ಕಿತು. ಈ ತೇವದಲ್ಲಿ ತೆರೆದರೆ ಕಾಗದ ಹಾಳಾಗುತ್ತದೆ. ದೀಪಾವಳಿ ಕಳೆದು ನಾಲ್ಕು ಬಿಸಿಲು ಬಿದ್ದ ಮೇಲೆ ತೆರೆಯೋಣ ಅಂತ ಮಾತಾಗಿದೆ.